ಬೆನ್ನ ಹಿಂದಿನ ಒಲೆ

"ನನಗೆ ಅಡುಗೆ ಬರಲ್ಲ ಕಣೋ, ಉಂಡೆ ಕಟ್ಟೋಕೆ ಬರುತ್ತೆ ಅಷ್ಟೆ. ಜನ ಎರಡೂ ಒಂದೇ ಅಂದುಕೊಳ್ತಾರೆ. ಹತ್ತೊಂಬತ್ತು ವರ್ಷ ಆ ಕ್ಯಾಂಟೀನಲ್ಲಿ ನಿಂತಿದ್ದೀನಿ, ಒಂದು ದಿನ ಒಲೆ ಮುಟ್ಟಿಲ್ಲ. ನನ್ನ ಮೇಜು ಕಿಟಕಿ ಕಡೆ, ಒಲೆ ಗೋಡೆ ಕಡೆ. ನಡುವೆ ಒಬ್ಬರು ಅಡ್ಡ ತಿರುಗಿ ನುಸುಳಬಹುದು, ಅಷ್ಟೇ ಜಾಗ. ನಾನು ಕಿಟಕಿ ನೋಡ್ಕೊಂಡು ಉಂಡೆ ಕಟ್ತಿದ್ದೆ, ಒಲೆಯಕ್ಕ ಗೋಡೆ ನೋಡ್ಕೊಂಡು ಬೇಯಿಸ್ತಿದ್ರು. ತಟ್ಟೆ ತುಂಬಿದ್ರೆ ನಾನು ತಿರುಗದೆ ಹಿಂದಕ್ಕೆ ಚಾಚ್ತಿದ್ದೆ, ಅವರೂ ತಿರುಗದೆ ಇಸ್ಕೊಳ್ತಿದ್ರು. ಟೀ ಲೋಟಾನೂ ಹಾಗೇ, ಮಾತೂ ಹಾಗೇ. ಅವರ ಅತ್ತೆ ತೀರಿಹೋಗಿದ್ದು, ಮಗಳು ಬಸುರಿಯಾಗಿದ್ದು, ಮೊಣಕಾಲು ಊದಿದ್ದು, ಎಲ್ಲಾ ನಾನು ಬೆನ್ನಿಂದಲೇ ಕೇಳಿದವಳು. ಮೊನ್ನೆ ಸುಮ್ಮನೆ ಕೂತು ಅವರ ಮುಖ ನೆನೆಸಿಕೊಳ್ಳೋಕೆ ನೋಡಿದೆ. ಕೆಮ್ಮು ಬಂತು, ಬಳೆ ಸದ್ದು ಬಂತು, ಮುಖ ಮಾತ್ರ ಬರಲಿಲ್ಲ ಕಣೋ. ಅಂಥವಳು ಹೋಗಿ ಸೂಪರ್‌ವೈಸರ್ ಎದುರಿಗೆ ಗುರುವಾರದ ಅಡುಗೆ ನಾನೇ ಮಾಡ್ತೀನಿ ಅಂದುಬಿಟ್ಟೆ. ನನ್ನ ಬಾಯಿಗೆ ಅದೇನು ಬಂದಿತ್ತೋ!"

ಭಾನುವಾರ ಮಧ್ಯಾಹ್ನ ಅವಳು ಇಷ್ಟನ್ನೂ ಹೇಳಿದ್ದು ತನ್ನ ತಮ್ಮನಿಗೆ. ಬೀಗ ರಿಪೇರಿ ಮಾಡುವ ಅವನು ಅಕ್ಕನ ಬಾಗಿಲಿನ ಚಿಲಕ ಬಿಚ್ಚಿ ನೆಲದ ಮೇಲೆ ಹರಡಿಕೊಂಡು ಕೂತಿದ್ದ. ತುಟಿಯಲ್ಲಿ ಎರಡು ಸ್ಕ್ರೂ ಕಚ್ಚಿಕೊಂಡಿದ್ದರಿಂದ ಹೂಂ ಅನ್ನುವುದನ್ನು ಬಿಟ್ಟು ಬೇರೇನೂ ಹೇಳುವ ಹಾಗಿರಲಿಲ್ಲ.

ಬಾಟಲಿ ಕಾರ್ಖಾನೆಯ ಆ ಕ್ಯಾಂಟೀನಿನಲ್ಲಿ ಅವಳನ್ನು ಎಲ್ಲರೂ ಉಂಡೆಯಕ್ಕ ಅನ್ನುತ್ತಿದ್ದರು. ಗುರುವಾರ ಬಂತೆಂದರೆ ಕೈಮಾ ಉಂಡೆ, ಅಣಬೆ, ಕೆನೆ, ಎಲ್ಲವೂ ಒಂದೇ ಬಾಣಲೆಯಲ್ಲಿ ಆಗುವ ಊಟ. ಹನ್ನೆರಡು ಕಿಲೋ ಕೈಮಾ, ನಾನೂರ ಎಂಬತ್ತು ಉಂಡೆ, ತಲೆಗೆ ನಾಲ್ಕರಂತೆ ನೂರಿಪ್ಪತ್ತು ಜನ. ಅವಳು ಕಟ್ಟಿದ ಉಂಡೆ ತಕ್ಕಡಿಗೆ ಹಾಕಿದರೂ ಒಂದಕ್ಕೊಂದು ಹೆಚ್ಚುಕಡಿಮೆ ಇರುತ್ತಿರಲಿಲ್ಲ. ಗಂಡ ತೀರಿಹೋದ ವರ್ಷವೇ ಅವಳು ಈ ಕೆಲಸಕ್ಕೆ ಸೇರಿದ್ದು, ಆಗ ಮೂವತ್ತೇಳು. ಈಗ ಐವತ್ತಾರು. ಮಕ್ಕಳಿಲ್ಲ. ಒಲೆಯಕ್ಕ ಮಾತ್ರ ಕೆಲಸದ ಕೊನೆಯ ದಿನದವರೆಗೂ ಅವಳನ್ನು ಹುಡುಗಿ ಅಂತಲೇ ಕರೆದದ್ದು.

ಒಲೆಯಕ್ಕ ಕೆಲಸ ಬಿಟ್ಟು ದೂರದ ಊರಿಗೆ, ಮಗಳ ಮನೆಗೆ ಹೋಗಿ ಐದು ವಾರವಾಗಿತ್ತು. ಉಳಿದ ದಿನಗಳ ಬೇಳೆ, ಅನ್ನ, ಪಲ್ಯವನ್ನು ಬಡಿಸುವವರೇ ಹೇಗೋ ಬೇಯಿಸಿ ಸುಧಾರಿಸಿದರು. ಗುರುವಾರದ ಬಾಣಲೆಗೆ ಯಾರೂ ಕೈ ಹಾಕಲಿಲ್ಲ. ಹೊರಗಿನಿಂದ ಗ್ರೇವಿ ಸಮೇತ ಪ್ಯಾಕೆಟ್ಟಿನ ಉಂಡೆ ತರಿಸಿದರು. ತಿಂದವರು ರಬ್ಬರ್ ಚೆಂಡು ಅಂತ ಹೆಸರಿಟ್ಟರು, ಆದರೂ ತಿಂದರು.

ಶುಕ್ರವಾರ ಸೂಪರ್‌ವೈಸರ್ ಅವಳನ್ನು ಕರೆದ. ಒಳ್ಳೆಯ ಮನುಷ್ಯನೇ, ಕೆಟ್ಟ ಸುದ್ದಿ ಹೇಳುವಾಗ ಪೆನ್ನಿನ ಮುಚ್ಚಳ ತೆಗೆದು ಹಾಕಿ ಮಾಡುತ್ತಿದ್ದ.

"ನೋಡಿ, ತರಕಾರಿ ಹೆಚ್ಚೋಕೆ ಮೆಷಿನ್ ಬಂತು. ಈಗ ಉಂಡೇನೂ ಪ್ಯಾಕೆಟ್ಟಲ್ಲಿ ಬರುತ್ತೆ. ಮೇಜಿನ ಹತ್ತಿರ ನಿಮಗೆ ಕೆಲಸ ಇಲ್ಲ. ಸೋಮವಾರದಿಂದ ಪಾತ್ರೆ ತೊಳೆಯೋ ಕೋಣೆಗೆ ಹೋಗ್ತೀರಾ?"

ಆ ಕೋಣೆ ನೆಲಮಾಳಿಗೆಯಲ್ಲಿತ್ತು. ಪಾತ್ರೆ ತೊಳೆಯುವ ಯಂತ್ರ ಬೆಳಗಿನಿಂದ ಸಂಜೆವರೆಗೆ ಗುಡುಗುತ್ತಿತ್ತು. ಅಲ್ಲಿ ಕೆಲಸ ಮಾಡುವವರು ಕಿವಿಗೆ ಹತ್ತಿ ತುರುಕಿಕೊಂಡು, ಏನು ಬೇಕಾದರೂ ಕೈಸನ್ನೆಯಲ್ಲೇ ಕೇಳಿಕೊಳ್ಳುತ್ತಿದ್ದರು. ಅವಳು ದಿನವಿಡೀ ಕಿವಿಯಿಂದಲೇ ಬದುಕಿದವಳು. ಕಾರಿಡಾರಿನಲ್ಲಿ ಯಾರ ಚಪ್ಪಲಿ, ಯಾರ ನಗು, ಇವತ್ತು ಯಾರಿಗೆ ನೆಗಡಿ ಅಂತ ಕಿಟಕಿ ಕಡೆ ಮುಖ ಮಾಡಿಯೇ ಹೇಳುತ್ತಿದ್ದಳು. ಆ ಗುಡುಗಿನೊಳಗೆ ಹೋಗಿ ನಿಲ್ಲುವುದೆಂದರೆ ಬಾವಿಗೆ ಇಳಿದು ಮೇಲಿನಿಂದ ಮುಚ್ಚಿದ ಹಾಗೆ. ಅದಕ್ಕೇ ಆ ಮಾತು ಬಾಯಿಂದ ಹೊರಬಿದ್ದಿತ್ತು.

"ಒಂದು ಗುರುವಾರ ಕೊಡ್ತೀನಿ, ಅಲ್ಲಿವರೆಗೆ ಮೇಜಲ್ಲೇ ಇರಿ," ಅಂದಿದ್ದ ಸೂಪರ್‌ವೈಸರ್. "ಮೊದಲಿನ ರುಚಿ ಬಂದ್ರೆ ಪ್ಯಾಕೆಟ್ ನಿಲ್ಲಿಸ್ತೀನಿ."

"ಈಗ ಮಾಡಿ ತೋರಿಸು," ಅಂದ ತಮ್ಮ ಆ ಭಾನುವಾರ, ಬಾಯಿಂದ ಸ್ಕ್ರೂ ತೆಗೆದು. "ನನಗೂ ಹಸಿವು."

ಅವಳ ಮನೆ ಎಂದರೆ ಎರಡನೇ ಮಹಡಿಯ ಒಂದೇ ಕೋಣೆ. ಮಂಚದ ಕಾಲಿನಿಂದ ಒಲೆಗೆ ಮೂರು ಹೆಜ್ಜೆ. ಅರ್ಧ ಕಿಲೋ ಕೈಮಾಕ್ಕೆ ಸಣ್ಣಗೆ ಕೊಚ್ಚಿದ ಈರುಳ್ಳಿ, ಹಾಲಲ್ಲಿ ನೆನೆಸಿದ ಬ್ರೆಡ್ಡು, ಮೆಣಸಿನ ಪುಡಿ, ಉಪ್ಪು ಹಾಕಿ ನಾದಿ ಇಪ್ಪತ್ತು ಉಂಡೆ ಕಟ್ಟಿದಳು. ಅಲ್ಲಿಯವರೆಗೆ ಕೈ ತಾನಾಗಿಯೇ ಓಡಿತು. ಉಂಡೆಗಳನ್ನು ಬೆಣ್ಣೆಯಲ್ಲಿ ಹೊರಳಿಸಿ ಕೆಂಪು ಮಾಡಿ ತೆಗೆದಿಟ್ಟು, ಅದೇ ಬಾಣಲೆಗೆ ಅಣಬೆ ಸುರಿದಳು. ಸುರಿದವಳೇ ಒಲೆಯ ಎದುರು ಕಣ್ಣು ಪಿಳಿಪಿಳಿ ಬಿಡುತ್ತ ನಿಂತಳು. ಅಣಬೆ ಮುದುಡಿತು, ಬಾಣಲೆ ತುಂಬ ಕಂದು ನೀರು ನಿಂತಿತು. ಕೆಟ್ಟೇ ಹೋಯಿತು ಅಂದುಕೊಂಡು ನೀರು ಚೆಲ್ಲಲು ಬಟ್ಟೆ ಹುಡುಕುತ್ತ ತಿರುಗಿದಳು.

ತಿರುಗಿದ್ದೇ ತಡ, ಬೆನ್ನ ಹಿಂದಿನಿಂದ ಪರಿಚಯದ ಸದ್ದು ಬಂತು. ನೀರು ತಳಮಳ ಕುದಿಯುವುದು. ಇದಾದ ಮೇಲೆ ಸದ್ದು ಸಣ್ಣಗಾಗಬೇಕು. ಆಯಿತು. ಆಮೇಲೆ ಚಿರಿಚಿರಿ ಅನ್ನಬೇಕು, ಹೊಸ ಚಪ್ಪಲಿ ನಡೆದ ಹಾಗೆ. ಅಂದಿತು. ಆಗ ಒಲೆಯಕ್ಕ ಡಬ್ಬದ ಮುಚ್ಚಳ ತೆಗೆಯುತ್ತಿದ್ದಳು, ಎರಡು ಸಲ ಚಮಚ ತಟ್ಟುತ್ತಿದ್ದಳು, ಅಂದರೆ ಹಿಟ್ಟು. ಉಂಡೆಯಕ್ಕ ಹಾಗೇ ಕೈ ಹಿಂದೆ ಮಾಡಿ ಹಿಟ್ಟು ಉದುರಿಸಿ ಕಲಕಿದಳು. ಆಮೇಲೆ ಸೊಂಯ್ ಅನ್ನುವುದು ಮೂಳೆ ಬೇಯಿಸಿದ ನೀರು. ಆಮೇಲೆ ಸದ್ದೇ ಇಲ್ಲದ ಒಂದು ಗಳಿಗೆ, ಅದು ಕೆನೆ. ಉಂಡೆಗಳು ವಾಪಸು ಬಿದ್ದ ಮೇಲೆ ನಿಧಾನಕ್ಕೆ ಬುಳುಕ್, ಬುಳುಕ್.

"ಒಲೆಗೆ ಬೆನ್ನು ತೋರಿಸಿ ಅಡುಗೆ ಮಾಡೋಳನ್ನ ಇವತ್ತೇ ನೋಡಿದ್ದು," ಅಂದ ತಮ್ಮ. "ಮುನಿಸಾ ಅದರ ಮೇಲೆ?"

"ಸುಮ್ಮನಿರೋ, ಕೇಳಿಸ್ಕೊಳ್ಳೋಕೆ ಬಿಡು."

ಉಪ್ಪು ಮಾತ್ರ ಬಾಣಲೆಗೆ ಬೀಳುವಾಗ ಸದ್ದು ಮಾಡುವುದಿಲ್ಲ. ಒಲೆಯಕ್ಕ ಎಷ್ಟು ಹಾಕುತ್ತಿದ್ದಳೋ ಉಂಡೆಯಕ್ಕನಿಗೆ ಹೇಗೆ ಗೊತ್ತು? ಎಲ್ಲರ ಮನೆಯಲ್ಲಿ ಗ್ರೇವಿಗೆ ಹಾಕುವಷ್ಟು ಹಾಕಿದಳು.

ತಮ್ಮ ಒಂದು ತುತ್ತು ಬಾಯಿಗಿಟ್ಟು, ನುಂಗಿ, ಚೊಂಬು ಎತ್ತಿದ. "ಅಕ್ಕಾ, ಬಣ್ಣ ಇದೆ, ಘಮ ಇದೆ. ಸಮುದ್ರದಲ್ಲಿ ಯಾಕೆ ಅದ್ದಿ ತೆಗೆದೆ?"

ಸೋಮವಾರ ಗ್ರೇವಿಗೆ ಅರ್ಧ ಉಪ್ಪು ಹಾಕಿ ನೋಡಿದಳು. ಆಗಲೂ ಉಪ್ಪೇ. ಉಂಡೆಗೆ ಹಾಕುವುದನ್ನು ಕಡಿಮೆ ಮಾಡಬೇಕು ಅಂತ ಅವಳಿಗೆ ಹೊಳೆಯಲೇ ಇಲ್ಲ. ಅದು ಅಡುಗೆಯ ಉಪ್ಪು ಅಂತಲೇ ಅವಳ ಲೆಕ್ಕದಲ್ಲಿರಲಿಲ್ಲ. ಹನ್ನೆರಡು ಕಿಲೋಗೆ ನಾಲ್ಕು ಹಿಡಿ, ಅದು ನಾದುವ ಕೆಲಸದ ಒಂದು ಭಾಗ, ತೋಳು ಮಡಿಸಿಕೊಳ್ಳುವ ಹಾಗೆ.

"ಒಲೆಯಕ್ಕನಿಗೇ ಒಂದು ಫೋನ್ ಮಾಡಬಾರದಾ?" ಅಂತ ತಮ್ಮ ಭಾನುವಾರವೇ ಕೇಳಿದ್ದ.

"ಹೋದ ಮೇಲೆ ಅವರು ಮಾಡ್ಲಿಲ್ಲ."

"ನೀನು ಮಾಡಿದ್ಯಾ?"

ಐದು ವಾರದಲ್ಲಿ ಎಷ್ಟು ಸಲ ಫೋನ್ ಕೈಗೆತ್ತಿಕೊಂಡಿದ್ದಳೋ. ಮಗಳು, ಅಳಿಯ, ಮೊಮ್ಮಗು ಅಂತ ತುಂಬಿದ ಮನೆಯಲ್ಲಿ ಇರುವವರಿಗೆ ಕ್ಯಾಂಟೀನಿನ ಬೆನ್ನೊಂದು ಯಾಕೆ ನೆನಪಿರಬೇಕು? ಯಾರು ಅಂತ ಕೇಳಿಬಿಟ್ಟರೆ? ಆ ಒಂದು ಮಾತು ಕೇಳುವುದಕ್ಕಿಂತ ಫೋನ್ ಮಾಡದಿರುವುದೇ ವಾಸಿ ಅನ್ನಿಸಿ ಮತ್ತೆ ದಿಂಬಿನ ಪಕ್ಕ ಇಟ್ಟುಬಿಡುತ್ತಿದ್ದಳು.

ಮಂಗಳವಾರ ಕೆಲಸದಿಂದ ಬಂದು, ಕಾಲು ತೊಳೆದು, ಮಂಚದ ಮೇಲೆ ಗೋಡೆಗೆ ಮುಖ ಮಾಡಿ ಕೂತು ಫೋನ್ ಮಾಡಿದಳು. ಮಗಳು ಎತ್ತಿ, "ಅಮ್ಮಾ, ನಿಂಗೆ," ಅಂದಳು. ಆಮೇಲೆ ಆ ಕೆಮ್ಮು.

"ಯಾರು?"

"ನಾನು ಅಕ್ಕಾ. ಮೇಜಿನ..."

"ಲೇ ಹುಡುಗಿ! ಈಗ ನೆನಪಾಯ್ತಾ ನಾನು? ಇಷ್ಟು ದಿನ ಎಲ್ಲಿ ಸತ್ತಿದ್ದೆ?"

"ನೀವೂ ಮಾಡ್ಲಿಲ್ಲ."

"ಏನಂತ ಮಾಡ್ಲಿ? ಇಲ್ಲಿ ಎಲ್ಲಾ ಎದುರಿಗೇ ಕೂತು ಮುಖ ನೋಡ್ಕೊಂಡು ಮಾತಾಡ್ತಾರೆ ಕಣೇ. ನನಗೆ ಮಾತೇ ಹೊರಡಲ್ಲ. ಅತ್ತೆ ಮಂಕಾದ್ರು ಅಂತ ಅಳಿಯ ಡಾಕ್ಟರ ಹತ್ತಿರ ಕರಕೊಂಡು ಹೋಗಿದ್ದ, ನೋಡು!"

ಇಬ್ಬರೂ ನಕ್ಕರು. ನಗು ನಿಂತ ಮೇಲೆ ಅವಳು ಗುರುವಾರದ ವಿಷಯ ಪೂರ್ತಿ ಹೇಳಿ, ಕೊನೆಗೆ ಕೇಳಿದಳು. "ಗ್ರೇವಿಗೆ ಉಪ್ಪು ಎಷ್ಟು ಹಾಕ್ತಿದ್ರಿ ಅಕ್ಕಾ?"

"ನಾನೆಲ್ಲೇ ಹಾಕ್ತಿದ್ದೆ? ಒಂದು ಹರಳೂ ಇಲ್ಲ."

"ಏನಂದ್ರಿ?"

"ನೀನು ಸೇರಿದ ಮೊದಲ ವಾರ ಎರಡು ಹಿಡಿ ಹಾಕೋ ಕಡೆ ನಾಲ್ಕು ಹಿಡಿ ಸುರಿದೆ. ಗಂಡನ್ನ ಕಳಕೊಂಡು ಬಂದಿದ್ದೆ, ಕಣ್ಣು ಇನ್ನೂ ಊದಿತ್ತು. ಹೇಳಿದ್ರೆ ಅಲ್ಲೇ ಕೂತು ಅಳ್ತೀಯ ಅಂತ ಸುಮ್ಮನಾದೆ. ನನ್ನ ಕಡೆ ಉಪ್ಪು ಹಾಕೋದು ಬಿಟ್ಟೆ. ಉಂಡೆ ಗ್ರೇವಿಯಲ್ಲಿ ಬೇಯ್ತಾ ಬೇಯ್ತಾ ಸರಿಹೋಗ್ತಿತ್ತು. ಮುಂದಿನ ವಾರಾನೂ ನೀನು ನಾಲ್ಕೇ ಹಾಕಿದೆ. ಸರಿ, ಇರ್ಲಿ ಅಂದೆ. ಜನ ಇದೇ ರುಚಿ ಅಂದ್ರು."

"ಹತ್ತೊಂಬತ್ತು ವರ್ಷ ಹೇಳ್ಲಿಲ್ಲವಲ್ಲ ಅಕ್ಕಾ."

"ಹೇಳೋಕೆ ಏನಿತ್ತು? ಚೆನ್ನಾಗೇ ಇತ್ತಲ್ಲ." ಆ ಕಡೆಯಿಂದ ಮಗು ಅತ್ತಿತು. "ಇರು, ಇದು ಎದ್ದುಬಿಡ್ತು. ಬಾಣಲೆ ಎತ್ತುವಾಗ ಎಡಗಡೆ ಹಿಡಿ ಸಡಿಲ ಇದೆ, ಹುಷಾರು. ಇಡ್ತೀನಿ."

ಫೋನ್ ಇಟ್ಟ ಮೇಲೂ ಅವಳು ಗೋಡೆ ನೋಡುತ್ತ ಕೂತಿದ್ದಳು. ಮೆಟ್ಟಿಲ ಮೇಲೆ ಯಾರೋ ಹತ್ತಿದರು, ಅವಳ ಬಾಗಿಲು ದಾಟಿ ಮೇಲೆ ಹೋದರು.

ಗುರುವಾರ ಅವಳು ಎಲ್ಲರಿಗಿಂತ ಮೊದಲು ಹೋಗಿ ದೀಪ ಹಾಕಿದಳು. ನಾಲ್ಕು ಹಿಡಿ ಉಪ್ಪು ಹಾಕುವಾಗ ಮೊದಲ ಸಲ ಎಣಿಸಿದಳು. ನಾನೂರ ಎಂಬತ್ತು ಉಂಡೆ ಮುಗಿದಾಗ ಕಿಟಕಿಯಲ್ಲಿ ಬಿಸಿಲು ಬಂದಿತ್ತು. ಆಮೇಲೆ ತಿರುಗಿ ಒಲೆಯ ಮುಂದೆ ನಿಂತಳು. ಅಷ್ಟು ದೊಡ್ಡ ಬಾಣಲೆಗೆ ಬೆನ್ನು ತೋರಿಸಿ ನಿಲ್ಲುವ ಹಾಗಿರಲಿಲ್ಲ, ಎರಡು ಕೈಯಲ್ಲೂ ಸೌಟು ಬೇಕು. ಉಂಡೆಗಳನ್ನು ಕೆಂಪು ಮಾಡಿ ಮೇಜಿನ ಮೇಲೆ ತೆಗೆದಿಟ್ಟು, ಅಣಬೆ ಸುರಿದು ಕಣ್ಣು ಮುಚ್ಚಿಕೊಂಡಳು. ತಳಮಳ, ಸಣ್ಣ, ಚಿರಿಚಿರಿ. ಹಿಟ್ಟು. ಸೊಂಯ್. ಕೆನೆ. ಉಪ್ಪಿನ ಡಬ್ಬವನ್ನು ಮುಟ್ಟಲಿಲ್ಲ.

ಮಧ್ಯದಲ್ಲಿ, ಉಂಡೆಯ ಕೊನೆ ತಟ್ಟೆ ಬೇಕಾದಾಗ, ಅವಳ ಎಡಗೈ ತಾನಾಗಿಯೇ ಹಿಂದಕ್ಕೆ ಚಾಚಿತು. ಕೈಗೆ ಏನೂ ಸಿಗಲಿಲ್ಲ. ಒಲೆ ಸಣ್ಣ ಮಾಡಿ, ತಿರುಗಿ, ಮೇಜಿನಿಂದ ತಾನೇ ತಟ್ಟೆ ಎತ್ತಿಕೊಂಡು ಬಂದಳು.

ಗಂಟೆ ಹೊಡೆಯಿತು, ಕೆಲಸದವರು ಸಾಲು ನಿಂತರು. ಕುಲುಮೆಯಲ್ಲಿ ಗಾಜು ಕಾಯಿಸುವ ದಪ್ಪ ಮನುಷ್ಯನೊಬ್ಬ ಮೊದಲ ಉಂಡೆ ಮುರಿದು ಬಾಯಿಗೆ ಹಾಕಿಕೊಂಡ.

"ಒಲೆಯಕ್ಕ ವಾಪಸ್ ಬಂದ್ರಾ?" ಅಂತ ಬಡಿಸುವವರನ್ನು ಕೇಳಿದ.

"ಇಲ್ಲ ಮಾರಾಯ, ತಿನ್ನು."

"ಮತ್ತೆ ಯಾರು ಮಾಡಿದ್ದು? ಇನ್ನೆರಡು ಹಾಕಿ."

"ತಲೆಗೆ ನಾಲ್ಕೇ. ನಿನ್ನ ಹೊಟ್ಟೆ ನೋಡಿ ಲೆಕ್ಕ ಹಾಕಿಲ್ಲ ಇಲ್ಲಿ."

ಸೂಪರ್‌ವೈಸರ್ ನಿಂತುಕೊಂಡೇ ತಿಂದ, ತಟ್ಟೆಯನ್ನು ಬ್ರೆಡ್ಡಿನಿಂದ ಒರೆಸಿಯೂ ತಿಂದ. ಪೆನ್ನು ಜೇಬಿನಲ್ಲೇ ಇತ್ತು. "ಪ್ಯಾಕೆಟ್ ನಿಲ್ಲಿಸ್ತೀನಿ. ಮೇಜು ನಿಮ್ಮದೇ, ಒಲೇನೂ ನಿಮ್ಮದೇ."

"ಮೇಜಿಗೆ ಯಾರನ್ನಾದ್ರೂ ಹಾಕ್ತೀರಾ, ಸರ್?"

"ಯಾರನ್ನ ತರಲಿ? ಇವತ್ತು ಎರಡನ್ನೂ ನೀವೊಬ್ಬರೇ ಮಾಡಿದ್ರಲ್ಲ, ಚೆನ್ನಾಗೇ ಆಯ್ತು. ಹೀಗೇ ನಡೀಲಿ."

ಚೆನ್ನಾಗಿ ಆಗಿದ್ದು ನಿಜ. ನೆಲಮಾಳಿಗೆ ತಪ್ಪಿತು, ಅದೂ ನಿಜ. ಆಗಲಿ ಸರ್ ಅಂದಳು.

ಸಂಜೆ ಬಸ್ಸಿನಲ್ಲಿ ಕೂರಲು ಜಾಗ ಸಿಕ್ಕಿತು. ತಮ್ಮನಿಗೆ ಫೋನ್ ಮಾಡಿ ಗೆದ್ದೆ ಕಣೋ ಅಂದಳು. ಅವನು ಯಾರದೋ ಬೀರುವಿನ ಬೀಗ ತೆಗೆಯುತ್ತಿದ್ದ, ಆಮೇಲೆ ಮಾಡ್ತೀನಿ ಅಂದ. ಒಲೆಯಕ್ಕನಿಗೂ ಮಾಡಿದಳು. ಗಂಟೆ ಹೊಡೆದು ಹೊಡೆದು ನಿಂತಿತು. ಮಗುವನ್ನು ಮಲಗಿಸುತ್ತಿರಬೇಕು ಅಂದುಕೊಂಡಳು. ಭಾನುವಾರ ಮಾಡಿದರಾಯಿತು.

ಕೋಣೆಗೆ ಬಂದು ಬಾಗಿಲು ಹಾಕಿಕೊಂಡಳು. ಕೆನೆಯ ಕಲೆ ಹಳೆಯದಾದರೆ ಬಿಡುವುದಿಲ್ಲ. ಏಪ್ರನ್ನು ಚೀಲದಿಂದ ತೆಗೆದು ಬಕೆಟ್ಟಿಗೆ ಹಾಕಿ, ಬಿಸಿನೀರು ಬಿಟ್ಟು, ಸೋಪಿನ ಪುಡಿ ಕದಡಿದಳು. ಸ್ವಲ್ಪ ಹೊತ್ತು ನೆನೆಯಲು ಬಿಟ್ಟು ಕಸ ಗುಡಿಸಿದಳು. ಆಮೇಲೆ ಕುಕ್ಕರುಗಾಲಲ್ಲಿ ಕೂತು, ಎದೆಯ ಹತ್ತಿರದ ಕಲೆಯನ್ನು ಎರಡು ಮುಷ್ಟಿಯ ನಡುವೆ ಹಿಡಿದು ಉಜ್ಜತೊಡಗಿದಳು.