ಏಪ್ರಿಲ್ ಒಂದರ ಗಿಣ್ಣು

ಗೆಳೆಯರೇ, ಗಿಣ್ಣೆಂದರೆ ನನಗೆ ಪ್ರಾಣ. ಬೆಳಿಗ್ಗೆ ಬಾಗೂರಿನ ನಾದಿನಿ ಫೋನ್ ಮಾಡಿದಳು. "ಅತ್ಗೆ, ಹಸ ಈದೈತೆ. ಗಿಣ್ಣಾಲು ಹಾಸನದ ಬಸ್ಸಲ್ಲಿ ಕಳ್ಸಿವ್ನಿ, ಸ್ಟ್ಯಾಂಡಿಗೋಗಿ ಇಸ್ಕೊಳಿ."

ಹೋದ ವರ್ಷ ಇದೇ ದಿನ ಹೀಗೇ ಹೇಳಿ ಖಾಲಿ ಕ್ಯಾನು ಕಳಿಸಿದ್ದವಳು ಇವಳು. "ಈ ಸಲ ಬೇಸ್ತು ಬೀಳಲ್ಲ ಕಣೆ" ಎಂದು ನಕ್ಕು, ಕವನ ಸಂಕಲನ ಹಿಡಿದು ಕೂತೆ.

ಮಧ್ಯಾಹ್ನ ಕರುವಿನ ಫೋಟೊ ಬಂತು. ಸ್ಟ್ಯಾಂಡಿಗೆ ಓಡಿದೆ. ಕಂಡಕ್ಟರ್ ತೊಳೆದ ಕ್ಯಾನು ಕೈಗಿಟ್ಟರು.

"ಯಾರೂ ಬರ್ಲಿಲ್ವಲ್ಲಕ್ಕ. ಬಿಸ್ಲಿಗೆ ಕೆಟ್ಟೋಯ್ತದೆ ಅಂತ ಓಟ್ಲಲ್ಲಿ ಕಾಯ್ಸಿ ನಾವೇ ತಿಂದ್ಬುಟ್ವಿ. ಬೆಲ್ಲ ಒಸಿ ಕಮ್ಮಿಯಾಗಿತ್ತು."

ಕೈಯಲ್ಲಿರುವುದು ಹೋದ ವರ್ಷದ್ದೇ ಕ್ಯಾನು, ಹಾಗೇ ಖಾಲಿ. ಈ ಸಲ ನನ್ನನ್ನು ಬೇಸ್ತು ಬೀಳಿಸಲು ನಾದಿನಿಗೆ ಮಾತ್ರ ಏನೂ ಶ್ರಮವಾಗಲಿಲ್ಲ.