ಅತ್ತೆ ನೋಡಿದ ಗ್ರೀಸ್

ಡಾಟ್‌ಕಾಂ ಭರಾಟೆಯ ಆ ವರ್ಷ ಸಾಂಟಾ ಕ್ಲಾರಾದ ನನ್ನ ಆಫೀಸಿನಲ್ಲಿ ವಾರಕ್ಕೆ ಆರು ದಿನ ಕೆಲಸವಿರುತ್ತಿತ್ತು. ಉಡುಪಿಯಿಂದ ಬಂದಿದ್ದ ಅತ್ತೆ ಕ್ಯಾಂಪ್‌ಬೆಲ್‌ನ ನಮ್ಮ ಅಪಾರ್ಟ್‌ಮೆಂಟಿನಲ್ಲಿ ದಿನವಿಡೀ ಒಬ್ಬರೇ ಇರುತ್ತಿದ್ದರು. ಒಂದು ಭಾನುವಾರ ಮಧ್ಯಾಹ್ನ ಅವರ ಜೊತೆ ಕೂರೋಣವೆಂದು ಲೈಬ್ರರಿಯಿಂದ ತಂದ ವೀಡಿಯೊ ಹಾಕಿದೆ. ಗ್ರೀಸಿನ ಒಂದು ಪಟ್ಟಣದ ದಿನನಿತ್ಯದ ಬದುಕನ್ನು ಸುಮ್ಮನೆ ನೋಡುತ್ತ ಹೋಗುವ ಸಾಕ್ಷ್ಯಚಿತ್ರ ಅದು. ವಿವರಣೆಯ ದನಿಯೇ ಇಲ್ಲ. ಹತ್ತೇ ನಿಮಿಷಕ್ಕೆ ಸೋಫಾದ ಮೇಲೆ ನನಗೆ ನಿದ್ದೆ ಹತ್ತಿತು.

ಎದ್ದಾಗ ಚಿತ್ರ ಮುಗಿದಿತ್ತು. ಗ್ರೀಕ್ ಭಾಷೆಯ ಒಂದಕ್ಷರವೂ ಬಾರದ ಅತ್ತೆ ನನಗೆ ಅದನ್ನೆಲ್ಲ ಹೇಳಿದರು. ಮೀನು ಮಾರುವವನಿಗೆ ಸೊಂಟನೋವಂತೆ. ಮೇಲ್ಮನೆಯ ಮುದುಕಿ ಒಣಹಾಕಿದ ಬಟ್ಟೆಯ ನೀರು ಕೆಳಮನೆಯವಳ ಮೇಲೆ ತೊಟ್ಟಿಕ್ಕಿ ಜೋರು ಜಗಳವಾಯಿತಂತೆ. ಸಂಜೆ ಇಬ್ಬರೂ ಒಟ್ಟಿಗೆ ಕೂತು ಕಾಫಿ ಕುಡಿದರಂತೆ.

"ನಮ್ಮ ಈ ಗೋಡೆಯ ಆಚೆ ಯಾರಿದ್ದಾರೆ ಮಾರಾಯ್ತಿ?" ಎಂದು ಕೇಳಿದರು.

ಮೂರು ವರ್ಷದಿಂದ ಅಲ್ಲೇ ಇದ್ದ ನನಗೆ ಗೊತ್ತಿರಲಿಲ್ಲ. "ವಿಚಾರಿಸ್ತೀನಿ ಅತ್ತೆ, ಈ ಪ್ರಾಜೆಕ್ಟೊಂದು ಮುಗೀಲಿ," ಎಂದೆ.

ಅವರು ಕಾಯಲಿಲ್ಲ. ಮರುದಿನ ತಟ್ಟೆಯಲ್ಲಿ ನೀರುದೋಸೆ ಇಟ್ಟುಕೊಂಡು ಹೋಗಿ ಮೂರು ಸಲ ಪಕ್ಕದ ಬಾಗಿಲು ತಟ್ಟಿದ್ದರು. ಯಾರೂ ತೆರೆದಿರಲಿಲ್ಲ. ಆಫೀಸಿನಿಂದ ಬಂದು, ಆ ತಣ್ಣನೆಯ ದೋಸೆಗಳನ್ನು ನಾನು ನಿಂತುಕೊಂಡೇ ತಿಂದೆ.