ಜರ್ಮನ್ ದೊರೆಯ ಪಾಲಿನ ಕಾಫಿ

ವರ್ಷವಿಡೀ ಚಹಾ ಕುದಿಯುವ ನಮ್ಮ ಮನೆಯಲ್ಲಿ ಕಾಫಿಯ ಪರಿಮಳ ಏಳುವುದು ಒಂದೇ ದಿನ, ಮಾರ್ನಮಿ ಅಮಾವಾಸ್ಯೆಯಂದು. ಅಂದು ಹಿರಿಯರಿಗೆ ಎಡೆ ಇಡುವಾಗ ಹೋಳಿಗೆ, ಕಡುಬು, ಮಡಿಸಿದ ಹೊಸ ಬಟ್ಟೆಗಳ ಪಕ್ಕದಲ್ಲಿ ಹಾಲೂ ಸಕ್ಕರೆಯೂ ಇಲ್ಲದ ಒಂದು ಲೋಟ ಕರಿ ಕಾಫಿಯೂ ಗಂಭೀರವಾಗಿ ಕೂರುತ್ತದೆ. ಅದು ಯಾರ ಪಾಲಿನದೆಂದು ಹೇಳಿದರೆ ನಗಬೇಡಿ: ಈ ಊರು ಕಟ್ಟಿದ ಜರ್ಮನ್ ದೊರೆಯದು.

ನಮ್ಮೂರು ಕೂಡ್ಲಿಗಿ ಸೀಮೆಯ ತುತ್ತತುದಿಯಲ್ಲಿದೆ. ನಮ್ಮ ಹಿತ್ತಲಿನ ಗಡಿಕಲ್ಲಿನಿಂದ ಈಚೆಗೆ ಬ್ರಿಟಿಷರ ಬಳ್ಳಾರಿ, ಆಚೆಗೆ ಮಹಾರಾಜರ ಮೈಸೂರು ಎಂದಿದ್ದ ಕಾಲದಲ್ಲಿ, ಎರಡೂ ಕಡೆಯ ಅಧಿಕಾರಿಗಳು ತಿರುಗಿಯೂ ನೋಡದ ಈ ಕುರುಚಲು ಕಾಡಿಗೆ ನಾಲ್ಕಾರು ಜರ್ಮನ್ ಸಂಸಾರಗಳು ಎತ್ತಿನ ಗಾಡಿಗಳಲ್ಲಿ ಬಂದಿಳಿದವಂತೆ. ಅವರು ಹಗ್ಗ ಹಿಡಿದು ನೇರವಾಗಿ ಹಾಕಿದ ಬೀದಿಯಲ್ಲೇ ಇಂದಿಗೂ ನಮ್ಮ ಎಮ್ಮೆಗಳು ಅಡ್ಡಾದಿಡ್ಡಿ ನಡೆಯುತ್ತವೆ. ಅವರ ಬಾವಿ ತೋಡಲು ಬಂದು ನಿಂತವರು ನನ್ನ ಗಂಡನ ಮುತ್ತಜ್ಜ, ಮುತ್ತಜ್ಜಿ.

ನಾವೀಗ ಇರುವ ಈ ಮನೆ ಆಗ ಅವರ ಮುಖಂಡನಾಗಿದ್ದ ದೊರೆಯದು. ಮುತ್ತಜ್ಜಿ ಇಲ್ಲಿ ಅಡುಗೆ ಮಾಡುತ್ತಿದ್ದಳು. ದೂರದಲ್ಲೆಲ್ಲೋ ಯುದ್ಧ ಹತ್ತಿಕೊಂಡು ಜರ್ಮನರೆಲ್ಲ ಸರ್ಕಾರಕ್ಕೆ ಶತ್ರುಗಳಾದರು. ಪೊಲೀಸರು ಕರೆದೊಯ್ಯಲು ಬಂದಾಗ ದೊರೆಯ ಕೈಯಲ್ಲಿ ಆಗ ತಾನೇ ಕೊಟ್ಟ ಕಾಫಿಯಿತ್ತು. ನಮ್ಮ ಮಾತು ಕಲಿತಿದ್ದ ಅವನು, "ಇದು ಆರೋದ್ರೊಳಗ ಬರ್ತೀನವ್ವ" ಎಂದು ಲೋಟ ಅವಳ ಕೈಗಿತ್ತು ಹೋದ. ಬರಲಿಲ್ಲ. ಆರಿದ ಕಾಫಿಯನ್ನು ಚೆಲ್ಲಲು ಮನಸ್ಸಾಗದೆ ಕೊನೆಗೆ ಅವಳೇ ಕುಡಿದಳು. ಅಂದಿನಿಂದ ಕಾಫಿ ಆರುವವರೆಗೆ ಕಾಯುವುದು, ಆಮೇಲೆ ಹಿರಿಸೊಸೆ ಕುಡಿಯುವುದು ಪದ್ಧತಿ. ಕುಡಿದವಳು ಬೇರೆಡೆ ಒಲೆ ಹೂಡುವಂತಿಲ್ಲ. ದೊರೆ ಬಂದರೆ ಬಾಗಿಲು ತೆರೆಯಲು ಒಬ್ಬಳಿರಬೇಕಲ್ಲ!

ಆದರೆ ಅವನು ನಿಜಕ್ಕೂ ಬಂದುಬಿಟ್ಟಿದ್ದರೆ? ಮನೆ ಅವನದು. ಕಾಯಲು ಕೂತು ಒಡೆಯರಾದ ವಂಶ ನಮ್ಮದು. ಬರಲಿ ಎಂದು ಎಡೆ ಇಡುತ್ತೇವೆ, ಬಾರದಿರಲಿ ಎಂದು ಒಳಗೊಳಗೇ ಬೇಡಿಕೊಳ್ಳುತ್ತೇವೆ. ಈ ಯೋಚನೆ ಹೊಕ್ಕ ಮೇಲೆ ನನಗೆ ಇಲ್ಲಿ ನೆಮ್ಮದಿಯಾಗಿ ಕೂರಲಾಗಿಲ್ಲ. ಎಲ್ಲರೂ ಎಲ್ಲಿಂದಲೋ ಬಂದವರೇ ಆದ ಈ ಊರಿನಲ್ಲಿ, ಮದುವೆಯಾಗಿ ಬಂದು ತಲೆ ನರೆತರೂ ತವರೂರಿನ ಹೆಸರಿನಲ್ಲಿ ನಾನಿನ್ನೂ 'ಕೊಟ್ಟೂರಾಕಿ'.

ಕೂಡ್ಲಿಗಿಯಲ್ಲಿ ನಮ್ಮ ಹೊಸ ಮನೆ ಸುಣ್ಣಬಣ್ಣ ಮುಗಿಸಿ ನಿಂತಿದೆ. ಅಲ್ಲಿನ ಶಾಲೆಯಲ್ಲಿ ಪಾಠ ಹೇಳಲು ದಿನವೂ ಬಸ್ಸಿನಲ್ಲಿ ಜೋತಾಡುವ ನನಗೆ ಅದು ಬೇಕೇ ಬೇಕು. ಮೈದುನ, ಅವನ ಹೆಂಡತಿ, ಮಕ್ಕಳ ಗದ್ದಲದ ನಡುವೆ ಅತ್ತೆಗೆ ಒಂಟಿತನವೇನಿಲ್ಲ. ಅಷ್ಟಾದರೂ ಈ ಅಮಾವಾಸ್ಯೆಗೆ ಅತ್ತೆ ನನ್ನನ್ನು ಎಡೆಯ ಮುಂದೆ ಕೂರಿಸಿ, "ನನಗ ಈ ಕಹಿ ಸಾಕಾಗೈತಿ. ಈ ವರ್ಷದಿಂದ ನೀನ ಕುಡಿ" ಎಂದರು.

ನನಗೆ ಸಿಟ್ಟೇ ಬಂತು. ಕುಡಿದರೆ ಹೊಸ ಮನೆಯಿಲ್ಲ. ಕುಡಿಯದಿದ್ದರೆ ಈ ಮನೆಯವಳಲ್ಲ. ಎಲ್ಲರೂ ಕಾಫಿ ಆರುವುದನ್ನೇ ಕಾಯುತ್ತಿದ್ದರು. ಇಷ್ಟು ವರ್ಷ ಈ ಮನೆಯ ಹೆಂಗಸರು ಹೀಗೆಯೇ ಕೂತಿದ್ದರಲ್ಲ ಅನ್ನಿಸಿತು. ಸೆರಗಿನಿಂದ ಲೋಟ ಹಿಡಿದವಳೇ, ಹಬೆಯಾಡುತ್ತಿದ್ದ ಕಾಫಿಯನ್ನು ಕುಡಿದುಬಿಟ್ಟೆ. ನಾಲಿಗೆ ಸುಟ್ಟಿತು.

"ಅಯ್ಯ, ಇನ್ನೂ ಆರಿಲ್ಲಬೇ!" ಅತ್ತೆ ಕೂಗಿದರು.

"ಅದಕ್ಕ ಕುಡಿದೆ ಅತ್ತಿ. ಕಾಯಾಕಿ ಆಗಾಕ ನನ್ನಿಂದ ಆಗಂಗಿಲ್ಲ. ನಾ ಬರಾಕಿ. ಕೂಡ್ಲಿಗಿಂದ ಪ್ರತಿ ವರ್ಷ ಇದು ಆರೋದ್ರೊಳಗ ಬರ್ತೀನಿ."

ಅತ್ತೆ ಖಾಲಿ ಲೋಟವನ್ನು ಎತ್ತಿ, ಬಗ್ಗಿಸಿ ನೋಡಿದರು. ಆಮೇಲೆ ಕಿರಿಸೊಸೆಯತ್ತ ತಿರುಗಿದರು.

"ಮುಂದಿನ ವರ್ಷ ಸಕ್ರಿ ಹಾಕವ್ವ. ಬರಾಕಿಗೆ ಕಹಿ ಕೊಡಬಾರದು."